ಕರಿಯ ಬೇರು, ಬಿಳಿಯ ಹೂವು

ಕಥೆಗಳ ಲೋಕದಲ್ಲಿ ಒಂದು ವಿಚಿತ್ರ ನಿಯಮವುಂಟು. ಮನುಷ್ಯರನ್ನು ಮೀರಿದ ಶಕ್ತಿ ಅಲ್ಲಿ ತಲೆದೋರಿತೆಂದರೆ, ಅದನ್ನು ಅಡಗಿಸುವ ವಸ್ತುವೊಂದು ಎಲ್ಲಿಯೋ ಇದ್ದೇ ತೀರಬೇಕು. ಆ ವಸ್ತು ಸುಲಭವಾಗಿ ದೊರೆಯಕೂಡದು; ದೊರೆತರೆ ಕಥೆಯೇ ಮುಗಿದುಹೋಗುತ್ತದೆ. ಅಮೆರಿಕದ ಚಿತ್ರಕಥೆಗಳ ಸೂಪರ್‌ಮ್ಯಾನ್ ಎಂತಹ ಭಾರವನ್ನಾದರೂ ಎತ್ತಬಲ್ಲ. ಆದರೆ ಕ್ರಿಪ್ಟೊನೈಟ್ ಎಂಬ ಹಸುರು ಕಲ್ಲಿನ ಚೂರೊಂದು ಬಳಿಗೆ ಬಂದರೆ ನಿಲ್ಲಲಾರದೆ ಕುಸಿಯುತ್ತಾನೆ. 1943ರಲ್ಲಿ ರೇಡಿಯೋ ಧಾರಾವಾಹಿಯ ಮೂಲಕ ಜನರ ಕಿವಿಗೆ ಬಿದ್ದ ಆ ಕಲ್ಲಿನ ಹೆಸರು ಇಂದು ಮಕ್ಕಳಿಗೂ ಗೊತ್ತು. ಅದಕ್ಕೂ ಎರಡೂವರೆ ಸಾವಿರ ವರ್ಷಗಳಿಗೆ ಹಿಂದೆಯೇ ಗ್ರೀಕರ ಆದಿಕವಿ ಹೋಮರ್ ಇಂತಹುದೇ ಒಂದು ವಸ್ತುವನ್ನು ಕಲ್ಪಿಸಿದ್ದನು. ಅದರ ಹೆಸರು ಮೋಲಿ.

‘ಒಡಿಸ್ಸಿ’ ಮಹಾಕಾವ್ಯದ ಹತ್ತನೆಯ ಸರ್ಗದಲ್ಲಿ ಆ ಕಥೆ ಬರುತ್ತದೆ. ಟ್ರಾಯ್ ಯುದ್ಧ ಮುಗಿಸಿ ಊರಿಗೆ ಹೊರಟ ಒಡಿಸ್ಸಿಯಸ್ ಕಡಲಲ್ಲಿ ಅಲೆದಲೆದು ಕಿರ್ಕೆ ಎಂಬ ಮಾಯಾವಿನಿಯ ದ್ವೀಪವನ್ನು ಸೇರುತ್ತಾನೆ. ಅವನು ಕಳುಹಿಸಿದ ಸಂಗಡಿಗರನ್ನು ಕಿರ್ಕೆ ಆದರದಿಂದ ಕರೆದು ಕೂರಿಸಿ, ಗಿಣ್ಣು, ಜವೆಯ ಹಿಟ್ಟು, ಜೇನು, ದ್ರಾಕ್ಷಾಮದ್ಯಗಳನ್ನು ಬೆರೆಸಿ ಕೊಡುತ್ತಾಳೆ. ಅದರೊಳಗೆ, ತಾಯ್ನಾಡನ್ನೇ ಮರೆಸುವ ಮದ್ದು ಸೇರಿರುತ್ತದೆ. ಕುಡಿದವರನ್ನು ಅವಳು ಕೋಲಿನಿಂದ ಮುಟ್ಟಿದೊಡನೆ ಅವರೆಲ್ಲ ಹಂದಿಗಳಾಗುತ್ತಾರೆ. ಸಂಶಯದಿಂದ ಹೊರಗೇ ನಿಂತಿದ್ದ ಯೂರಿಲೋಕಸ್ ಒಬ್ಬನು ಓಡಿಬಂದು ಸುದ್ದಿ ಮುಟ್ಟಿಸುತ್ತಾನೆ.

ಒಡಿಸ್ಸಿಯಸ್ ಒಬ್ಬನೇ ಹೊರಡುತ್ತಾನೆ. ದಾರಿಯಲ್ಲಿ ಹರ್ಮಿಸ್ ದೇವನು ತರುಣನ ರೂಪದಲ್ಲಿ ಎದುರಾಗಿ, ನೆಲದಿಂದ ಗಿಡವೊಂದನ್ನು ಕಿತ್ತು ಕೊಡುತ್ತಾನೆ. ಬೇರು ಕಪ್ಪು, ಹೂವು ಹಾಲಿನಂತೆ ಬಿಳುಪು. ಅದನ್ನು ಅಗೆದು ತೆಗೆಯುವುದು ಮಾನವರಿಗೆ ಕಷ್ಟ, ದೇವತೆಗಳಿಗೆ ಮಾತ್ರ ಸಾಧ್ಯ ಎನ್ನುತ್ತಾನೆ ಕವಿ. ಆ ಗಿಡದ ಬಲದಿಂದ ಕಿರ್ಕೆಯ ಪಾನೀಯ ಅವನಲ್ಲಿ ನಿಷ್ಫಲವಾಗುತ್ತದೆ. ಅವಳು ಬೆರಗಾಗಿ, ಯಾವ ಮಾಯೆಗೂ ಮಣಿಯದ ಮನಸ್ಸು ಇವನದೆಂದು ಒಪ್ಪಿಕೊಳ್ಳುತ್ತಾಳೆ.

ಕವಿಯ ಗಿಡವನ್ನು ಪಂಡಿತರು ಕಾಡಿನಲ್ಲಿ ಹುಡುಕದೆ ಬಿಡುವರೆ? ಸಸ್ಯಶಾಸ್ತ್ರದ ಪಿತಾಮಹನೆನಿಸಿದ ಥಿಯೊಫ್ರಾಸ್ಟಸ್, ಆರ್ಕೇಡಿಯ ಪ್ರಾಂತದಲ್ಲಿ ಮೋಲಿ ಬೆಳೆಯುತ್ತದೆಂದೂ ಜನರು ಅದನ್ನು ಮಾಟಮಂತ್ರಗಳಿಗೆ ಪ್ರತಿಯಾಗಿ ಬಳಸುತ್ತಾರೆಂದೂ ಬರೆದಿಟ್ಟನು. ಗೆಡ್ಡೆ ಈರುಳ್ಳಿಯಂತಿದೆ, ಆದರೆ ಹೋಮರ್ ಹೇಳಿದಷ್ಟು ಕಷ್ಟವೇನೂ ಇಲ್ಲ ಅಗೆಯಲು ಎಂಬ ಮಾತನ್ನೂ ಸೇರಿಸಿದನು. 1753ರಲ್ಲಿ ಸ್ವೀಡನ್ನಿನ ಲಿನೇಯಸ್ ಈರುಳ್ಳಿಯ ಜಾತಿಯ ಒಂದು ಗಿಡಕ್ಕೆ ಮೋಲಿ ಎಂದೇ ನಾಮಕರಣ ಮಾಡಿದನು. ಪಾಪ, ಆ ಗಿಡದ ಹೂವು ಹಳದಿ!

1983ರಲ್ಲಿ ನರರೋಗ ತಜ್ಞರಾದ ಆಂಡ್ರಿಯಾಸ್ ಪ್ಲೈಟಾಕಿಸ್ ಮತ್ತು ರೋಜರ್ ಡುವಾಸಿನ್ ಬೇರೊಂದು ಉತ್ತರವನ್ನು ಮುಂದಿಟ್ಟರು. ಕಿರ್ಕೆಯ ಮದ್ದು ದತ್ತೂರಿಯ ವಿಷ; ಮೋಲಿ ಎಂದರೆ ಯುರೋಪಿನ ಹಿಮದ ನೆಲದಲ್ಲಿ ತಲೆಬಾಗಿ ಅರಳುವ ಸ್ನೋಡ್ರಾಪ್ ಎಂಬ ಬಿಳಿಯ ಹೂವಿನ ಗಿಡ. ನಮ್ಮ ಹಿತ್ತಿಲ ಬದಿಯ ಮದಗುಣಿಕೆಯ ಗುಣ ಹಿರಿಯರಿಗೆ ತಿಳಿದದ್ದೇ: ಬೀಜ ಹೊಟ್ಟೆಗೆ ಸೇರಿದರೆ ಭ್ರಮೆ, ಬಡಬಡಿಕೆ, ಮರೆವು. ಮಿದುಳಿನಲ್ಲಿ ನೆನಪಿನ ಕಾರ್ಯಕ್ಕೆ ಬೇಕಾದ ಅಸಿಟೈಲ್‌ಕೋಲಿನ್ ಎಂಬ ದ್ರವ್ಯದ ಕೆಲಸವನ್ನು ಆ ವಿಷ ತಡೆಯುತ್ತದೆ. ಸ್ನೋಡ್ರಾಪ್‌ನಲ್ಲಿರುವ ಗ್ಯಾಲಂಟಮಿನ್ ಅದೇ ದ್ರವ್ಯ ಬೇಗನೆ ನಾಶವಾಗದಂತೆ ಕಾಯುತ್ತದೆ. ಒಂದು ಕದವಿಕ್ಕಿದರೆ ಇನ್ನೊಂದು ಕದ ತೆರೆಯುತ್ತದೆ. ದತ್ತೂರಿಯ ಒಂದು ಮುಖ್ಯ ಜಾತಿಯ ತವರು ಅಮೆರಿಕ ಖಂಡವಾದ್ದರಿಂದ ಈ ಊಹೆಗೆ ಆಕ್ಷೇಪಣೆಗಳೂ ಉಂಟು. ಆದರೆ ಅದೇ ಬಗೆಯ ವಿಷವುಳ್ಳ ಬೇರೆ ಗಿಡಗಳು ಗ್ರೀಸಿನಲ್ಲಿಯೇ ಬೆಳೆಯುತ್ತವೆ.

ಊಹೆ ನಿಲ್ಲಲಿ, ಬೀಳಲಿ, ಔಷಧವಂತೂ ಕಲ್ಪನೆಯಲ್ಲ. 1950ರ ದಶಕದಲ್ಲಿ ಸೋವಿಯತ್ ದೇಶದ ಮತ್ತು ಬಲ್ಗೇರಿಯದ ವಿಜ್ಞಾನಿಗಳು ಅದರ ಗುಣವನ್ನು ಶೋಧಿಸಿದರು. 2001ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಇಲಾಖೆ ಅದನ್ನು ಆಲ್‌ಜೈಮರ್ ಎಂಬ ಮರೆವಿನ ರೋಗಕ್ಕೆ ಬಳಸಲು ಅನುಮತಿಯಿತ್ತಿತು. ರೋಗವನ್ನು ಅದು ಗುಣಪಡಿಸದು; ಕೆಲವರಲ್ಲಿ ಕೆಲವು ಕಾಲ ಅದರ ಭಾರವನ್ನು ಹಗುರಗೊಳಿಸುತ್ತದೆ, ಅಷ್ಟೆ. ವೈದ್ಯರ ಸಲಹೆಯಿಲ್ಲದೆ ಮುಟ್ಟುವ ವಸ್ತು ಅದಲ್ಲ.

ಹೋಮರನ ಕಥೆ ಮೋಲಿಯೊಂದಿಗೆ ಮುಗಿಯುವುದಿಲ್ಲ. ಕಿರ್ಕೆ ಹಂದಿಗಳನ್ನು ಮತ್ತೆ ಮನುಷ್ಯರನ್ನಾಗಿ ಮಾಡುತ್ತಾಳೆ. ಎಲ್ಲರಿಗೂ ಉಪಚಾರ ನಡೆಯುತ್ತದೆ. ಊಟ, ಪಾನ, ವಿಶ್ರಾಂತಿಗಳಲ್ಲಿ ಒಂದು ವರುಷವೇ ಸಂದುಹೋಗುತ್ತದೆ. ಯಾವ ಮದ್ದಿಗೂ ಸೋಲದ ಒಡಿಸ್ಸಿಯಸ್ ಯಾವ ಮದ್ದೂ ಇಲ್ಲದೆಯೇ ಮನೆಯ ದಾರಿಯನ್ನು ಮರೆತು ಕುಳಿತಿರುತ್ತಾನೆ. ಕೊನೆಗೆ ಸಂಗಡಿಗರು ಅವನನ್ನು ಬಳಿಗೆ ಕರೆದು, ಇನ್ನಾದರೂ ತಾಯ್ನಾಡನ್ನು ನೆನೆಯೆಂದು ಹೇಳಬೇಕಾಗುತ್ತದೆ. ಒಮ್ಮೆ ಹಂದಿಗಳಾಗಿದ್ದವರೂ ಅವರಲ್ಲಿದ್ದರು!

ಮರೆವು ಆವರಿಸಿದ ಅಜ್ಜನೋ ಅಜ್ಜಿಯೋ ಇರುವ ಮನೆಗಳಿಗೆ ಈ ಸಂಗಡಿಗರ ಕೆಲಸ ಚೆನ್ನಾಗಿ ಗೊತ್ತು. ಮೊಮ್ಮಗನ ಹೆಸರನ್ನು ಅಲ್ಲಿ ದಿನಕ್ಕೆ ಹತ್ತು ಸಲ ಹೇಳಬೇಕಾಗುತ್ತದೆ. ಇದು ನಮ್ಮದೇ ಮನೆಯೆಂದು ಸಂಜೆಗೊಮ್ಮೆ ಕೈಹಿಡಿದು ತೋರಿಸಬೇಕಾಗುತ್ತದೆ. ಹೇಳಿದ್ದನ್ನೇ ಹೇಳಿ ಬೇಸರ ಬರುವುದು ಸಹಜ. ಆದರೂ ಅದನ್ನು ನಗುಮುಖದಿಂದ ಹನ್ನೊಂದನೆಯ ಸಲ ಹೇಳುವವರೊಬ್ಬರು ಆ ಮನೆಯಲ್ಲಿದ್ದರೆ, ದೇವತೆಗಳು ಮಾತ್ರ ಅಗೆದು ತೆಗೆಯಬಲ್ಲ ಬೇರು ಅಲ್ಲಿ ಆಗಲೇ ಇದೆಯೆಂದು ತಿಳಿಯಬೇಕು.