ಚಿತ್ರಕ್ಕೂ ಮಡಿ-ಮೈಲಿಗೆಯೆ?

ಮೊನ್ನೆ ಅಧ್ಯಾಪಕರ ಕೋಣೆಯಲ್ಲಿ ಕಾಫಿಯ ಹೊತ್ತಿಗೆ ಬ್ರೆಜಿಲ್ ದೇಶದ ನಟಿ ನಾರ್ಮಾ ಬೆಂಗೆಲ್‌ಳ ಮಾತು ಬಂದಿತು. ಜಗತ್ತಿನ ಚಿತ್ರಗಳನ್ನೆಲ್ಲ ಅರಗಿಸಿಕೊಂಡಿರುವ ಮಿತ್ರರೊಬ್ಬರು, "ಒಳ್ಳೆಯ ನಟಿ, ಸ್ವಾಮಿ. ಇಟಲಿಗೆ ಹೋಗಿ ದೆವ್ವದ ಚಿತ್ರ, ಕುದುರೆ ಸವಾರರ ಚಿತ್ರ ಎಂದು ಕೆಟ್ಟಳು" ಎಂದು ತೀರ್ಪು ಕೊಟ್ಟು ಲೋಟ ಕೆಳಗಿಟ್ಟರು. ತೀರ್ಪು ಅವರೊಬ್ಬರದೇ ಆಗಿದ್ದರೆ ನಾನು ಲೇಖನಿ ಹಿಡಿಯುತ್ತಿರಲಿಲ್ಲ. ಗಂಭೀರ ಚಿತ್ರ ಮಡಿ, ಉಳಿದದ್ದೆಲ್ಲ ಮೈಲಿಗೆ ಎಂಬ ಆಚಾರ ವಿಮರ್ಶಕರ ಮನೆಯಲ್ಲಿ ಬಹು ಕಾಲದಿಂದ ನಡೆದುಬಂದಿದೆ.

ಈಕೆ ರಿಯೊ ನಗರದಲ್ಲಿ 1935ರಲ್ಲಿ ಹುಟ್ಟಿದವಳು. ರಾತ್ರಿಯ ರಂಗಮಂದಿರಗಳಲ್ಲಿ ಹಾಡಿ ಕುಣಿದು ಬೆಳೆದವಳು. ಚಿತ್ರರಂಗಕ್ಕೆ ಬಂದದ್ದು 1959ರಲ್ಲಿ, ಕಾರ್ಲೊಸ್ ಮಾಂಗಾನ ಹಾಸ್ಯಚಿತ್ರವೊಂದರಲ್ಲಿ. ಹಳ್ಳಿಯ ಬಡಪಾಯಿಯ ಕೋಳಿಗೂಡಿನ ಮೇಲೆ ರಷ್ಯದ ಸ್ಪುಟ್ನಿಕ್ ಬಂದು ಬೀಳುತ್ತದೆ; ದೇಶದೇಶದ ಗೂಢಚಾರರು ಅವನ ಬೆನ್ನು ಹತ್ತುತ್ತಾರೆ. ಅವರಲ್ಲಿ ಫ್ರೆಂಚ್ ಮೋಹಿನಿಯಾಗಿ ಬ್ರಿಜಿತ್ ಬಾರ್ದೊಳನ್ನು ಈಕೆ ಅಣಕಿಸಿದಳು. ಅಣಕ ಸುಲಭವೆಂದು ತಿಳಿದವರು ಒಮ್ಮೆ ಮಾಡಿ ನೋಡಲಿ. ಇಂಥ ಚಿತ್ರಗಳಿಗೆ ಅಲ್ಲಿ ಶಾಂಶಾದಾ ಎನ್ನುತ್ತಾರೆ; ಜನ ಮುಗಿಬಿದ್ದು ನೋಡಿದರು, ಪಂಡಿತರು ಮೂಗು ಮುರಿದರು.

ಮೂರೇ ವರ್ಷ. 1962ರಲ್ಲಿ ಕಾನ್ ಉತ್ಸವದ ಅತ್ಯುನ್ನತ ಪ್ರಶಸ್ತಿ ಗಳಿಸಿದ ಆನ್ಸೆಲ್ಮೊ ದುವಾರ್ತೆಯ ಚಿತ್ರದಲ್ಲಿ ಬೀದಿಯ ವೇಶ್ಯೆ. ಅದೇ ವರ್ಷ ಇಟಲಿಯ ಲಾತುವಾದನ 'ಮಾಫಿಯೊಸೊ'ದಲ್ಲಿ ಸಿಸಿಲಿಯ ಅತ್ತೆಮನೆಗೆ ಬರುವ ಉತ್ತರದ ಸೊಸೆ. ಅದೇ ವರ್ಷ ರುಯ್ ಗೆರ್ರಾನ 'ಓಸ್ ಕಫಜೆಸ್ತೆಸ್'. ಈ ಕೊನೆಯದರಿಂದ ಆಕೆಗೆ ಜನ್ಮಕ್ಕೆ ಅಂಟಿದ ಬಿರುದೊಂದು ಬಂದಿತು: ಬ್ರೆಜಿಲ್ ಚಿತ್ರದಲ್ಲಿ ಮೊದಲು ಪೂರ್ಣ ನಗ್ನಳಾಗಿ ನಿಂತವಳು. ನೋಡದವರೂ ಇಷ್ಟನ್ನು ಬಲ್ಲರು. ಆ ದೃಶ್ಯದಲ್ಲಿ ನಡೆಯುವುದೇನು? ಕಡಲತೀರದಲ್ಲಿ ಬಟ್ಟೆ ಕಸಿದುಕೊಂಡ ದುರುಳರು ಕಾರನ್ನು ಆಕೆಯ ಸುತ್ತ ಸುತ್ತಿಸುತ್ತ, ಬೆದರಿಸಿ ಹಣ ಕೀಳುವುದಕ್ಕೆಂದು ಫೋಟೊ ತೆಗೆಯುತ್ತಾರೆ. ಅದು ಬೇಟೆ. ಆಕೆ ಓಡಿ, ಬಳಲಿ, ಮರಳ ಮೇಲೆ ಬೀಳುವವರೆಗೆ ಕ್ಯಾಮರಾ ಬಿಡುವುದಿಲ್ಲ. ನೋಡುತ್ತ ಕುಳಿತ ನಮಗೇ ನಾಚಿಕೆಯಾಗುತ್ತದೆ. ಇದನ್ನು ಮೈಮಾಟದ ಪ್ರದರ್ಶನವೆಂದವರ ಕಣ್ಣಿನ ದೋಷಕ್ಕೆ ನಟಿ ಹೊಣೆಯೆ?

ಇನ್ನು ಆ 'ದೆವ್ವದ ಚಿತ್ರ'. 1965ರಲ್ಲಿ ಮಾರಿಯೊ ಬಾವಾ ತೆಗೆದದ್ದು. ದೂರದ ಗ್ರಹದಲ್ಲಿ ಸತ್ತವರು ಎದ್ದು ನಡೆಯುವ ಕಥೆ. ಬಣ್ಣದ ದೀಪ, ಹೊಗೆ, ಅಗ್ಗದ ರಂಗಸಜ್ಜು; ಅದನ್ನು ಮುಚ್ಚಿಡುವ ಆಸೆ ನನಗಿಲ್ಲ. ಆದರೆ ಅಲ್ಲಿ ನಟರು ತಂತಮ್ಮ ಭಾಷೆಯಲ್ಲೇ ಮಾತನಾಡುತ್ತಿದ್ದರು: ನಾಯಕ ಬ್ಯಾರಿ ಸಲಿವನ್‌ನದು ಇಂಗ್ಲಿಷು, ಈಕೆಯದು ಪೋರ್ಚುಗೀಸು. ಎದುರಿನವನ ಮಾತನ್ನು ಕಿವಿಯಿಂದಲ್ಲ, ಮುಖದಿಂದ ಓದಿ ಉತ್ತರಿಸಬೇಕು. ಪಾಳುಬಿದ್ದ ನೌಕೆಯೊಳಗೆ ಅವರಿಬ್ಬರೂ ದೈತ್ಯರ ಅಸ್ಥಿಪಂಜರ ಕಾಣುವ ಭಾಗವನ್ನು ನೋಡಿ. 1979ರ 'ಏಲಿಯನ್' ನೋಡಿದವರಿಗೆ ನೆನಪು ಬರದಿರದು. ರಟ್ಟಿನ ಗ್ರಹವನ್ನು ನಂಬುವಂತೆ ಮಾಡಿದ್ದು ಆ ಕಣ್ಣಿನ ಭಯವೇ. "ಇದನ್ನು ನೋಡಿದ್ದೀರಾ?" ಎಂದು ಮಿತ್ರರನ್ನು ಕೇಳಿದೆ. "ಛೆ, ಅಂಥದನ್ನು ನಾನು ನೋಡುವುದಿಲ್ಲ" ಎಂದರು!

ಕೊರ್ಬುಚ್ಚಿಯ 1967ರ ಕುದುರೆ ಸವಾರರ ಚಿತ್ರದಲ್ಲಂತೂ ಆಕೆಯ ಪಾತ್ರವೇ ನಟನೆ. ಕದ್ದ ಹಣ ಶವಪೆಟ್ಟಿಗೆಯಲ್ಲಿದೆ. ಪಕ್ಕದಲ್ಲಿ ಕಣ್ಣೀರಿಡಲು ವಿಧವೆಯೊಬ್ಬಳು ಬೇಕು. ಇಸ್ಪೀಟಾಡುವ ಚತುರೆಯೊಬ್ಬಳನ್ನು ಹಣ ಕೊಟ್ಟು ತರುತ್ತಾರೆ. ಸುಳ್ಳು ದುಃಖದೊಳಗೆ ನಿಜವಾದ ಕರುಣೆ ಹೇಗೆ ಹುಟ್ಟಿತೆಂಬುದನ್ನು ಈಕೆ ಮಾತಿಲ್ಲದೆ ತೋರಿಸುತ್ತಾಳೆ. ನಾಟಕ ಪಾಠ ಹೇಳುವ ನಮಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಕ್ಕೀತೆ?

1968ರಲ್ಲಿ, ಸೆನ್ಸಾರಿನ ವಿರುದ್ಧ ಬೀದಿಗಿಳಿದಿದ್ದ ಈ ನಟಿಯನ್ನು ಸಾವೊ ಪಾವ್ಲೊದಲ್ಲಿ ಸೇನೆಯವರು ಹಿಡಿದೊಯ್ದು ವಿಚಾರಣೆ ಮಾಡಿದರು. ಅವರಿಗಂತೂ ಮಡಿಯ ನಟಿ, ಮೈಲಿಗೆಯ ನಟಿ ಎಂಬ ಭೇದವಿರಲಿಲ್ಲ. ಮುಂದೆ ಫ್ರಾನ್ಸಿಗೆ ಹೋದಳು. 1973ರಲ್ಲಿ ಪಾತ್ರೀಸ್ ಶೆರೊ ಆಡಿಸಿದ ಮಾರಿವೊನ ನಾಟಕದಲ್ಲಿ ಅಭಿನಯಿಸಿದಳು. 2013ರಲ್ಲಿ ತೀರಿಕೊಂಡಳು. ಆ ನಾಟಕದ ಬಗ್ಗೆ ಮಿತ್ರರ ಆಕ್ಷೇಪಣೆ ಇರಲಾರದು. ಅದು ಹದಿನೆಂಟನೆಯ ಶತಮಾನದ್ದು, ಮೇಲಾಗಿ ಫ್ರೆಂಚಿನದು.