ಕಂತು ಎಷ್ಟು ಅಂತ ಕೇಳಿದಿರಿ, ಎಷ್ಟು ವರ್ಷ ಅಂತ ಕೇಳಿದಿರಾ?

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂತ ಹಿರಿಯರು ಗಾದೆ ಮಾಡಿದ ಕಾಲದಲ್ಲಿ ಹೋಮ್ ಲೋನ್ ಇರಲಿಲ್ಲ. ಇದ್ದಿದ್ದರೆ ಅದಕ್ಕೆ ಮೂರನೆಯದೊಂದು ಸೇರುತ್ತಿತ್ತೇನೋ! ಈಗ ಕಟ್ಟುವ ತಲೆನೋವು ಬಿಲ್ಡರನದು, ದುಡ್ಡು ಹೊಂದಿಸುವ ತಲೆನೋವು ಬ್ಯಾಂಕಿನದು. ನಮ್ಮ ಪಾಲಿಗೆ ಉಳಿಯುವುದು ತಿಂಗಳಿಗೊಮ್ಮೆ ಕಂತು ಕಟ್ಟುವುದೊಂದೇ. ಎಷ್ಟು ಸುಲಭ, ಅಲ್ವಾ?

ಟೊಮೆಟೊ ಕೆ.ಜಿ.ಗೆ ಹತ್ತು ರೂಪಾಯಿ ಏರಿದರೆ ನಾವು ಸಾರಿಗೆ ಹುಣಸೆಹಣ್ಣು ಹಾಕುತ್ತೇವೆ. ಸೀರೆ ಅಂಗಡಿಯಲ್ಲಿ ಇನ್ನೂರು ರೂಪಾಯಿ ಬಿಡಿಸಿಕೊಳ್ಳಲು ಅರ್ಧ ಗಂಟೆ ವಾದ ಮಾಡುತ್ತೇವೆ. ಆದರೆ ಜೀವಮಾನದಲ್ಲೇ ದೊಡ್ಡ ಖರೀದಿಯ ಕಾಗದ ಊಟದ ಮೇಜಿನ ಮೇಲೆ ಬಂದಾಗ ಏನಾಗುತ್ತದೆ? ಯಜಮಾನರು ಪೆನ್ನು ಕೊಟ್ಟು ‘ಇಲ್ಲಿ, ಇಲ್ಲಿ, ಇಲ್ಲೊಂದು ಸೈನ್ ಮಾಡು’ ಅಂತಾರೆ. ನಾವು ಒಲೆಯ ಮೇಲಿನ ಹಾಲು ಉಕ್ಕೀತು ಅಂತ ಅತ್ತ ಒಂದು ಕಣ್ಣಿಟ್ಟು ಸೈನ್ ಮಾಡಿ ಎದ್ದು ಹೋಗುತ್ತೇವೆ.

ಆ ಸೈನು ಸುಮ್ಮನೆ ಸಾಕ್ಷಿ ಸೈನಲ್ಲ. ನೀವು ಸಹ-ಸಾಲಗಾರ್ತಿ, ಅಂದರೆ ಕೋ-ಅಪ್ಲಿಕೆಂಟ್. ನಿಮಗೆ ಸಂಬಳ ಇರಲಿ, ಬಿಡಲಿ, ಪೂರ್ತಿ ಸಾಲಕ್ಕೆ ನೀವೂ ಹೊಣೆ. ಅವರ ಕೆಲಸ ಹೋದರೂ, ದೇವರು ಹಾಗೆ ಮಾಡದಿರಲಿ, ಅವರೇ ಇಲ್ಲವಾದರೂ ಬ್ಯಾಂಕಿನ ನೋಟಿಸು ನಿಮ್ಮ ಹೆಸರಿಗೆ ಬರುತ್ತದೆ. ಹಾಗಾಗಿ ‘ಲೋನಿನ ವಿಷಯ ಅವರಿಗೇ ಗೊತ್ತು’ ಅನ್ನುವ ಮಾತು ಇನ್ನು ಬೇಡ. ಒಂದು ನೋಟ್‌ಬುಕ್ಕು, ಒಂದು ಕ್ಯಾಲ್ಕ್ಯುಲೇಟರು ತಗೊಂಡು ಕೂತುಕೊಳ್ಳಿ.

65 ಲಕ್ಷದ ಫ್ಲ್ಯಾಟಿನ ಬೆಲೆ ಎಷ್ಟು?

ಎರಡು ಬೆಡ್‌ರೂಮಿನ ಫ್ಲ್ಯಾಟು, ಬೆಲೆ 65 ಲಕ್ಷ ಅಂತಿಟ್ಟುಕೊಳ್ಳಿ. 15 ಲಕ್ಷ ಕೈಯಿಂದ ಹಾಕಿ 50 ಲಕ್ಷ ಸಾಲ ಮಾಡುತ್ತೀರಿ. ಬಡ್ಡಿ ಶೇ. 8.5, ಅವಧಿ 20 ವರ್ಷ. (ನಿಮ್ಮ ಬಡ್ಡಿ ಸ್ವಲ್ಪ ಹೆಚ್ಚು ಕಡಿಮೆ ಇರಬಹುದು, ಲೆಕ್ಕದ ದಾರಿ ಒಂದೇ.) ಲಕ್ಷಕ್ಕೆ ಸುಮಾರು 868 ರೂಪಾಯಿಯಂತೆ ಕಂತು 43,391 ರೂಪಾಯಿ ಆಗುತ್ತದೆ. ಇದನ್ನು 240 ತಿಂಗಳಿಂದ ಗುಣಿಸಿ. ಒಂದು ಕೋಟಿ 4 ಲಕ್ಷ ದಾಟುತ್ತದೆ! ಪಡೆದ ಸಾಲ 50 ಲಕ್ಷ, ಕಟ್ಟುವ ಬಡ್ಡಿಯೇ 54 ಲಕ್ಷ.

ರಿಜಿಸ್ಟ್ರೇಷನ್ ಖರ್ಚು ಬೇರೆ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಮನೆಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ಸು, ಸರ್‌ಚಾರ್ಜು. ನೋಂದಣಿ ಶುಲ್ಕವನ್ನು 2025ರ ಆಗಸ್ಟ್ ಕೊನೆಯಲ್ಲಿ ಶೇ. 1ರಿಂದ 2ಕ್ಕೆ ಏರಿಸಿದರು. ನಗರದಲ್ಲಿ ಎಲ್ಲ ಸೇರಿ ಶೇ. 7.6. ನಮ್ಮ ಫ್ಲ್ಯಾಟಿಗೆ ಅದು 4 ಲಕ್ಷ 94 ಸಾವಿರ. ಈ ದುಡ್ಡನ್ನು ಮನೆಯ ಬೆಲೆಗೆ ಸೇರಿಸಿ ಬ್ಯಾಂಕು ಸಾಲ ಕೊಡುವುದಿಲ್ಲ, ಕೈಯಿಂದಲೇ ಹೋಗಬೇಕು. ಇನ್ನೂ ಕಟ್ಟುತ್ತಿರುವ ಫ್ಲ್ಯಾಟಾದರೆ ಶೇ. 5 ಜಿಎಸ್‌ಟಿ ಅಂತ ಇನ್ನೂ 3 ಲಕ್ಷ 25 ಸಾವಿರ. ಅದನ್ನು ಬಿಟ್ಟು, ಒಂದು ಕರ್ಟನ್ನೂ ಹಾಕದೆ ಕೂಡಿಸಿದರೂ 65 ಲಕ್ಷದ ಮನೆಗೆ ನಿಮ್ಮ ಮನೆಯಿಂದ ಹೋಗುವುದು ಒಂದು ಕೋಟಿ 24 ಲಕ್ಷ.

ಹಾಗಂತ ಸಾಲವೇ ಬೇಡ ಅಂತ ನಾನು ಹೇಳುತ್ತಿಲ್ಲ. ಬಾಡಿಗೆ ಮನೆಯಲ್ಲಿದ್ದರೂ ತಿಂಗಳು ತಿಂಗಳು ದುಡ್ಡು ಹೋಗುತ್ತದೆ, ಮಕ್ಕಳ ಸ್ಕೂಲು ಬದಲಿಸುವ ರಗಳೆ ಬೇರೆ. ಇಪ್ಪತ್ತು ವರ್ಷದ ನಂತರದ 43 ಸಾವಿರಕ್ಕೆ ಇವತ್ತಿನ ಬೆಲೆಯೂ ಇರುವುದಿಲ್ಲ. ಸ್ವಂತ ಮನೆಯ ನೆಮ್ಮದಿಗೆ ಬೆಲೆ ಕಟ್ಟೋಕಾಗಲ್ಲ, ಒಪ್ಪಿದೆ. ಬಡ್ಡಿಗೆ ಮಾತ್ರ ಬೆಲೆ ಕಟ್ಟಬಹುದು, ಅದನ್ನು ಇಳಿಸಲೂಬಹುದು. ಹೇಗೆ ಇಳಿಸಬೇಕು ಅಂತ ತಿಳಿಯಬೇಕಾದರೆ ಕಂತಿನ ಹೊಟ್ಟೆಯೊಳಗೆ ಏನಿದೆ ಅಂತ ನೋಡಬೇಕು.

ಮೊದಲ ತಿಂಗಳು 43,391 ರೂಪಾಯಿ ಕಟ್ಟುತ್ತೀರಿ. ಅದರಲ್ಲಿ 35,417 ಬಡ್ಡಿಗೇ ಹೋಯಿತು. ಅಸಲಿಗೆ ಸೇರಿದ್ದು 7,974 ಮಾತ್ರ. ಐದು ವರ್ಷ ಒಂದು ಕಂತೂ ತಪ್ಪಿಸದೆ 26 ಲಕ್ಷ ಕಟ್ಟಿದ ಮೇಲೆ ಬ್ಯಾಂಕಿಗೆ ಹೋಗಿ ‘ಇನ್ನೆಷ್ಟು ಬಾಕಿ?’ ಅಂತ ಕೇಳಿ. 44 ಲಕ್ಷ ಅಂತಾರೆ. ಅಸಲು ಇಳಿದಿದ್ದು ಆರು ಲಕ್ಷದಷ್ಟೂ ಇಲ್ಲ. ಬ್ಯಾಂಕು ಇಲ್ಲಿ ಮೋಸವೇನೂ ಮಾಡಿಲ್ಲ. ಬಾಕಿ ಇರುವ ಅಸಲಿಗೆ ಬಡ್ಡಿ ಹಾಕುತ್ತಾರೆ, ಶುರುವಿನಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗಲು ಸುಮಾರು 12 ವರ್ಷ ಬೇಕು. ಅರ್ಧ ಸಾಲ ತೀರಬೇಕಾದರೆ ಹದಿನಾಲ್ಕನೇ ವರ್ಷ ಮುಗಿಯುತ್ತಾ ಬರುತ್ತದೆ.

ಈ ಲೆಕ್ಕವೆಲ್ಲ ರೀಪೇಮೆಂಟ್ ಶೆಡ್ಯೂಲ್ ಅನ್ನುವ ಪಟ್ಟಿಯಲ್ಲಿ ತಿಂಗಳುವಾರು ಇರುತ್ತದೆ. ಕೇಳಿ ಪಡೆಯಿರಿ, ಫ್ರಿಜ್ಜಿನ ಬಾಗಿಲಿಗೆ ಬೇಕಾದರೂ ಅಂಟಿಸಿ.

ಕಂತು ಕಡಿಮೆಯಾದರೆ ಖರ್ಚು ಹೆಚ್ಚು

‘ಮೇಡಂ, 30 ವರ್ಷಕ್ಕೆ ಹಾಕಿಸಿಕೊಳ್ಳಿ, ಕಂತು ಕಡಿಮೆ ಬರುತ್ತೆ’ ಅಂತ ಲೋನ್ ಏಜೆಂಟರು ಹೇಳುತ್ತಾರೆ. ನಿಜ, 43,391 ಇದ್ದದ್ದು 38,446 ಆಗುತ್ತದೆ. ತಿಂಗಳಿಗೆ ಐದು ಸಾವಿರ ಉಳಿತಾಯ ಅಂತ ನಮಗೂ ಖುಷಿ. ಬಡ್ಡಿ ಮಾತ್ರ 54 ಲಕ್ಷದಿಂದ 88 ಲಕ್ಷಕ್ಕೆ ಹೋಗುತ್ತದೆ! ಅದೇ 15 ವರ್ಷಕ್ಕೆ ತಗೊಂಡರೆ ಕಂತು 49,237, ಬಡ್ಡಿ 38 ಲಕ್ಷ 60 ಸಾವಿರ ಚಿಲ್ಲರೆ. ತಿಂಗಳಿಗೆ 5,846 ರೂಪಾಯಿ ಹೆಚ್ಚು ಕಟ್ಟಿದ್ದಕ್ಕೆ ಒಟ್ಟಿನಲ್ಲಿ ಹದಿನೈದೂವರೆ ಲಕ್ಷ ಉಳಿಯಿತು. ‘ತಿಂಗಳಿಗೆ ಎಷ್ಟು?’ ಅನ್ನುವುದು ಏಜೆಂಟರಿಗೆ ಇಷ್ಟವಾದ ಪ್ರಶ್ನೆ. ನೀವು ‘ಎಷ್ಟು ವರ್ಷ?’ ಅಂತ ಕೇಳಿ.

ನೀವು ಒಪ್ಪಿದ ವರ್ಷಗಳೇ ಕೊನೆಯವರೆಗೂ ಇರುತ್ತವೆ ಅಂದುಕೊಳ್ಳಬೇಡಿ. ಹೆಚ್ಚಿನ ಗೃಹಸಾಲಗಳು ಬಡ್ಡಿ ಬದಲಾಗುತ್ತಾ ಹೋಗುವ ಫ್ಲೋಟಿಂಗ್ ಸಾಲಗಳು. 2021ರಲ್ಲಿ ಶೇ. 6.75ರ ಆಸುಪಾಸಿನಲ್ಲಿ ಸಾಲ ಸಿಗುತ್ತಿತ್ತು. ಆಗ 50 ಲಕ್ಷವನ್ನು 20 ವರ್ಷಕ್ಕೆ ತಗೊಂಡವರ ಕಂತು 38,018. ಆಮೇಲೆ 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರಿಸರ್ವ್ ಬ್ಯಾಂಕು ರೆಪೊ ದರವನ್ನು ಶೇ. 4ರಿಂದ 6.5ಕ್ಕೆ ಏರಿಸಿತು. ಸಾಲದ ಬಡ್ಡಿಯೂ ಅಷ್ಟೇ ಏರಿ 9.25 ಆಯಿತು ಅಂತಿಟ್ಟುಕೊಳ್ಳಿ. ಎರಡು ವರ್ಷ ಕಟ್ಟಿಯೂ ಬಾಕಿ 47 ಲಕ್ಷ 46 ಸಾವಿರ. ಹೊಸ ದರದಲ್ಲಿ ತಿಂಗಳ ಬಡ್ಡಿಯೇ 36,600ರ ಹತ್ತಿರ. ಕಂತನ್ನು ಮುಟ್ಟದೆ ಹಾಗೇ ಬಿಟ್ಟರೆ ಅಸಲಿಗೆ ಸೇರುವುದು ಸಾವಿರದ ನಾನೂರು ರೂಪಾಯಿ ಚಿಲ್ಲರೆ. ಉಳಿದಿದ್ದ 18 ವರ್ಷ ಆಗ ಎಷ್ಟಾಗುತ್ತದೆ ಗೊತ್ತೇ? ಮೂವತ್ತೈದೂವರೆ ವರ್ಷ! ನಲವತ್ತಕ್ಕೆ ಸಾಲ ಮಾಡಿ ಅರವತ್ತಕ್ಕೆ ತೀರಿಸೋಣ ಅಂದುಕೊಂಡವರು ಎಪ್ಪತ್ತೇಳರವರೆಗೆ ಕಟ್ಟಬೇಕು, ಅದೂ ಪಿಂಚಣಿಯಲ್ಲಿ.

ಬ್ಯಾಂಕುಗಳು ಸಾಮಾನ್ಯವಾಗಿ ಅಷ್ಟು ದೂರ ಬಿಡದೆ ಸ್ವಲ್ಪ ಅವಧಿ, ಸ್ವಲ್ಪ ಕಂತು ಅಂತ ಎರಡನ್ನೂ ಏರಿಸುತ್ತವೆ. ಆದರೆ ಖಾತೆಯಿಂದ ಪ್ರತಿ ತಿಂಗಳೂ ಅದೇ ಮೊತ್ತ ಕಟ್ ಆಗುತ್ತಿದ್ದರೆ ಅವಧಿ ಉದ್ದವಾಗಿದ್ದು ಯಾರ ಗಮನಕ್ಕೂ ಬರುವುದಿಲ್ಲ. ಬಡ್ಡಿ ಬದಲಾದಾಗ ಕಂತು ಏರಿಸಬೇಕೋ, ಅವಧಿ ಬೆಳೆಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ, ಅಷ್ಟಿಷ್ಟು ಮುಂಚಿತವಾಗಿ ತೀರಿಸಬೇಕೋ ಅಂತ ಸಾಲಗಾರರಿಗೆ ಆಯ್ಕೆ ಕೊಡಬೇಕು ಎಂದು ರಿಸರ್ವ್ ಬ್ಯಾಂಕು 2023ರ ಆಗಸ್ಟಿನಲ್ಲಿ ಆದೇಶಿಸಿದೆ. ಮೇಲಿನ ಉದಾಹರಣೆಯಲ್ಲಿ ಅವಧಿ 18 ವರ್ಷವೇ ಇರಲಿ ಅಂದರೆ ಕಂತು 45,200 ಆಗುತ್ತಿತ್ತು. ಕಷ್ಟವೇ, ಆದರೂ ಸಾಧ್ಯವಿದ್ದರೆ ಅದನ್ನೇ ಆರಿಸಿ ಅನ್ನುವುದು ನನ್ನ ಸಲಹೆ.

2025ರಲ್ಲಿ ರೆಪೊ ದರ ಒಟ್ಟು 1.25ರಷ್ಟು ಇಳಿಯಿತು. ಆ ಇಳಿಕೆ ನಿಮ್ಮ ಮನೆ ಬಾಗಿಲಿಗೆ ಬಂತೇ? 2019ರ ಅಕ್ಟೋಬರ್ ನಂತರ ಬ್ಯಾಂಕಿನಲ್ಲಿ ತೆಗೆದ ಫ್ಲೋಟಿಂಗ್ ಸಾಲವಾದರೆ ಅದು ರೆಪೊದಂಥ ಹೊರಗಿನ ದರಕ್ಕೆ ಜೋಡಣೆಯಾಗಿರುತ್ತದೆ, ಇಳಿಕೆ ತಾನಾಗಿ ಬರಬೇಕು. ಅದಕ್ಕಿಂತ ಹಳೆಯ ಸಾಲವಾದರೆ, ಅಥವಾ ಹೌಸಿಂಗ್ ಫೈನಾನ್ಸ್ ಕಂಪನಿಯ ಸಾಲವಾದರೆ ಹಾಗೇನಿಲ್ಲ. ಹೊಸಬರಿಗೆ ಕಡಿಮೆ ಬಡ್ಡಿಯ ಜಾಹೀರಾತು, ಹಳಬರಿಗೆ ಹಳೆಯ ಬಡ್ಡಿ! ಒಂದು ಅರ್ಜಿ ಕೊಟ್ಟು, ಸಣ್ಣದೊಂದು ಶುಲ್ಕ ಕಟ್ಟಿದರೆ ದರ ಬದಲಿಸಿಕೊಡುತ್ತಾರೆ, ಆದರೆ ನಾವಾಗಿ ಕೇಳಬೇಕು. ಬಡ್ಡಿ ಇಳಿದಾಗ ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಅಂತ ಬರೆದು ಕೊಡಿ.

ಸಾಸಿವೆ ಡಬ್ಬಿಯ ಶಕ್ತಿ

ಇನ್ನು ಒಳ್ಳೆಯ ಸುದ್ದಿ. ಫ್ಲೋಟಿಂಗ್ ಬಡ್ಡಿಯ ಗೃಹಸಾಲವನ್ನು ಮುಂಚಿತವಾಗಿ ತೀರಿಸಿದರೆ ದಂಡ ಹಾಕುವಂತಿಲ್ಲ. ಯಾವಾಗ ತೀರಿಸುತ್ತೀರಿ ಅನ್ನುವುದೇ ಮುಖ್ಯ. ನಮ್ಮ 50 ಲಕ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ, ಚೀಟಿ ಎತ್ತಿದ ದುಡ್ಡೋ ಬೋನಸ್ಸೋ, 2 ಲಕ್ಷ ಹೆಚ್ಚಿಗೆ ಕಟ್ಟಿದಿರಿ. ಕಂತು ಅಷ್ಟೇ ಇಟ್ಟರೆ ಕೊನೆಯ 21 ಕಂತುಗಳು ಮಾಯ! ಹಾಕಿದ 2 ಲಕ್ಷ ಕಳೆದ ಮೇಲೂ 7 ಲಕ್ಷಕ್ಕಿಂತ ಹೆಚ್ಚು ಬಡ್ಡಿ ಉಳಿಯಿತು. ಅದೇ 2 ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಸುಮಾರು ಒಂದು ಲಕ್ಷ ಮಾತ್ರ. ದೊಡ್ಡ ಮೊತ್ತ ಒಟ್ಟಿಗೆ ಆಗದಿದ್ದರೆ ವರ್ಷಕ್ಕೆ 12ರ ಬದಲು 13 ಕಂತು ಕಟ್ಟಿ. 20 ವರ್ಷದ ಸಾಲ ಹದಿನಾರು ವರ್ಷ ಎಂಟು ತಿಂಗಳಿಗೆ ತೀರುತ್ತದೆ, ಹತ್ತು ಲಕ್ಷದಷ್ಟು ಬಡ್ಡಿ ಮಿಗುತ್ತದೆ.

ಒಂದು ಎಚ್ಚರಿಕೆ. ಇರುವ ದುಡ್ಡನ್ನೆಲ್ಲ ಸಾಲಕ್ಕೆ ಸುರಿದು ಕೈ ಖಾಲಿ ಮಾಡಿಕೊಳ್ಳಬೇಡಿ. ಆರು ತಿಂಗಳ ಮನೆಖರ್ಚು ಮತ್ತು ಕಂತು ಬ್ಯಾಂಕಿನಲ್ಲಿ ಇರಲಿ. ಅತ್ತೆಯವರನ್ನು ಆಸ್ಪತ್ರೆಗೆ ಸೇರಿಸಬೇಕಾಗಿ ಬಂದಾಗ ಕ್ರೆಡಿಟ್ ಕಾರ್ಡ್ ಉಜ್ಜಿದರೆ ಅದರ ಬಡ್ಡಿ ಗೃಹಸಾಲದ ಬಡ್ಡಿಯ ಎಷ್ಟೋ ಪಟ್ಟು.

‘ಟ್ಯಾಕ್ಸ್ ಉಳಿಯುತ್ತೆ, ಸಾಲ ಯಾಕೆ ತೀರಿಸ್ಬೇಕು?’ ಅಂತ ಯಜಮಾನರು ಕೇಳಬಹುದು. ನಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಸಿಗುವುದು ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ಅದಿಲ್ಲ. ಅವರು ಯಾವುದರಲ್ಲಿದ್ದಾರೆ ಅಂತ ಮೊದಲು ಕೇಳಿ, ಎಷ್ಟೋ ಮಂದಿ ಹೊಸದಕ್ಕೆ ಹೋಗಿಯೂ ಹಳೆಯ ಮಾತನ್ನೇ ಆಡುತ್ತಿರುತ್ತಾರೆ!

ಸಾಲದ ಜೊತೆಗೇ ಇನ್ಶೂರೆನ್ಸ್ ಕಟ್ಟಿಕೊಡುವುದು ಇನ್ನೊಂದು ರೂಢಿ. ಇನ್ಶೂರೆನ್ಸ್ ಬೇಕೇ ಬೇಕು, ಅದರಲ್ಲೂ ದುಡಿಯುವವರು ಒಬ್ಬರೇ ಇರುವ ಮನೆಯಲ್ಲಿ. ಆದರೆ ಒಂದೂವರೆ ಲಕ್ಷದ ಪ್ರೀಮಿಯಮ್ಮನ್ನು ಸಾಲಕ್ಕೇ ಸೇರಿಸಿದರೆ 20 ವರ್ಷದಲ್ಲಿ ಅದಕ್ಕೆ ನೀವು ಕಟ್ಟುವುದು 3 ಲಕ್ಷ 12 ಸಾವಿರ. ಬೇರೆಯಾಗಿ ಟರ್ಮ್ ಪಾಲಿಸಿ ತಗೊಂಡರೆ ಎಷ್ಟಾಗುತ್ತದೆ ಅಂತ ಹೋಲಿಸಿ ನೋಡಿ. ಪಾಲಿಸಿ ಯಾರ ಜೀವದ ಮೇಲಿದೆ, ನಾಮಿನಿ ಯಾರು ಅನ್ನುವುದನ್ನೂ ಓದಿಕೊಳ್ಳಿ.

2024ರ ಅಕ್ಟೋಬರ್ 1ರಿಂದ ಸಾಲ ಕೊಡುವವರು ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್ ಅನ್ನುವ ಕಾಗದ ಕೊಡಲೇಬೇಕು. ಪ್ರೊಸೆಸಿಂಗ್ ಫೀ, ಕಾನೂನು ಪರಿಶೀಲನೆ ಶುಲ್ಕ ಮುಂತಾದವನ್ನೆಲ್ಲ ಸೇರಿಸಿ ವರ್ಷಕ್ಕೆ ನಿಜವಾಗಿ ಬೀಳುವ ಬಡ್ಡಿ ಎಷ್ಟು ಅಂತ ಅದರಲ್ಲಿ ಇರುತ್ತದೆ. ಅದರಲ್ಲಿ ನಮೂದಿಸದ ಶುಲ್ಕವನ್ನು ನಿಮ್ಮ ಒಪ್ಪಿಗೆ ಇಲ್ಲದೆ ಆಮೇಲೆ ಕೇಳುವಂತಿಲ್ಲ. ಎರಡು ಬ್ಯಾಂಕುಗಳ ಈ ಕಾಗದವನ್ನು ಪಕ್ಕಪಕ್ಕ ಇಟ್ಟು ನೋಡಿದ ಮೇಲೆಯೇ ಪೆನ್ನು ಹಿಡಿಯಿರಿ. ಸಾಲಗಾರ್ತಿ ಮಹಿಳೆಯಾದರೆ ಕೆಲವು ಬ್ಯಾಂಕುಗಳು ಶೇ. 0.05ರಷ್ಟು ರಿಯಾಯಿತಿ ಕೊಡುತ್ತವೆ, ಅದನ್ನೂ ವಿಚಾರಿಸಿ.

ಕೊನೆಯ ಕಂತು ಕಟ್ಟಿದ ದಿನ ಪಾಯಸ ಮಾಡಿ, ತಪ್ಪೇನಿಲ್ಲ. ಆದರೆ ಕೆಲಸ ಇನ್ನೂ ಬಾಕಿ ಇದೆ. ಅಡವಿಟ್ಟ ಮೂಲಪತ್ರಗಳನ್ನು ಬ್ಯಾಂಕು 30 ದಿನದೊಳಗೆ ಹಿಂದಿರುಗಿಸಬೇಕು. ತನ್ನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್‌ನಿಂದ ಜಾರಿಯಲ್ಲಿದೆ. ಪತ್ರಗಳನ್ನು ಪುಟ ಪುಟ ಎಣಿಸಿ ತಗೊಳ್ಳಿ, ಸಾಲ ತೀರಿದ ಪತ್ರವನ್ನೂ ಪಡೆಯಿರಿ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಬ್ಯಾಂಕಿನ ಅಡಮಾನ ದಾಖಲಾಗಿದ್ದರೆ ಅದನ್ನು ರದ್ದು ಮಾಡಿಸಿ. ಒಂದೆರಡು ವಾರ ಬಿಟ್ಟು ಹೊಸದಾಗಿ ಇ.ಸಿ. ತೆಗೆಸಿ, ಅಡಮಾನ ರದ್ದಾಗಿದ್ದು ಅದರಲ್ಲಿ ದಾಖಲಾಗಿದೆಯೇ ಅಂತ ನೀವೇ ಓದಿ ನೋಡಿ.