ಚಾಂಪಿಯನ್ ಕೂಗಿ ಕರೆದಾಗ

ಮೊನ್ನೆ ಶನಿವಾರ ಮಗನ ಜೊತೆ ಜೆಟ್ ಲೀ ಸಿನಿಮಾ ನೋಡುತ್ತಿದ್ದೆ. ‘ಅಪ್ಪಾ, ಇವನು ಯಾವತ್ತೂ ಸೋತೇ ಇಲ್ವಾ?’ ಅಂದ.

ಬೀಜಿಂಗ್‌ನಲ್ಲಿ 1963ರಲ್ಲಿ ಹುಟ್ಟಿದ ಲೀಗೆ ಎರಡು ವರ್ಷವಾದಾಗಲೇ ಅಪ್ಪ ತೀರಿಕೊಂಡರು. ಎಂಟನೇ ವಯಸ್ಸಿಗೆ ವುಶು ಕಲಿಕೆ ಶುರು. 1974ರಲ್ಲಿ ಅಮೆರಿಕದ ಶ್ವೇತಭವನದಲ್ಲಿ ನಿಕ್ಸನ್ ಎದುರು ಪ್ರದರ್ಶನ. ಆಮೇಲೆ ಐದು ಸಲ ಚೀನಾದ ರಾಷ್ಟ್ರೀಯ ಚಾಂಪಿಯನ್. 1982ರ ‘ಶಾವೊಲಿನ್ ಟೆಂಪಲ್’ ಅವನನ್ನು ತಾರೆಯಾಗಿಸಿತು. ಅಲ್ಲಿಂದ ಹಾಂಗ್‌ಕಾಂಗ್, ನಂತರ ಹಾಲಿವುಡ್.

2004ರ ಡಿಸೆಂಬರ್ 26ರಂದು ಲೀ ಕುಟುಂಬದೊಂದಿಗೆ ಮಾಲ್ಡೀವ್ಸ್‌ನಲ್ಲಿದ್ದ. ಸುನಾಮಿ ಬಂತು. ಮಗಳನ್ನು ಎತ್ತಿಕೊಂಡು ನಿಂತವನ ಕುತ್ತಿಗೆಗೆ ನೀರು. ಕಾಲಿಗೆ ಪೆಟ್ಟು. ಕಲಿತ ಯಾವ ಪಟ್ಟೂ ನಡೆಯಲಿಲ್ಲ. ಕೂಗಿ ಕರೆದ. ಗುರುತಿಲ್ಲದ ಜನ ಬಂದು ಕೈಹಿಡಿದರು.

2007ರಲ್ಲಿ ಲೀ ‘ಒನ್ ಫೌಂಡೇಶನ್’ ಕಟ್ಟಿದ. ಲೆಕ್ಕ ಸರಳ: ಒಬ್ಬೊಬ್ಬರು ತಿಂಗಳಿಗೆ ಒಂದೊಂದು ಯುವಾನ್ ಕೊಡುವುದು. ಮರುವರ್ಷದ ಸಿಚುವಾನ್ ಭೂಕಂಪದಲ್ಲಿ ಅದು ನೆರವಿಗೆ ನಿಂತಿತು.

ಕಥೆ ಕೇಳಿದ ಮಗ, ‘ನಮಗೆ ಹಾಗಾದ್ರೆ ಯಾರನ್ನ ಕೂಗೋದು?’ ಅಂದ. ಪುಣೆಗೆ ಬಂದು ಒಂಬತ್ತು ವರ್ಷವಾಯಿತು. ಎದುರು ಫ್ಲ್ಯಾಟಿನವರ ಹೆಸರು ಬಾಗಿಲ ಮೇಲೆ ಓದಿದ್ದೇನೆ, ಅಷ್ಟೇ. ಊರಲ್ಲಾಗಿದ್ದರೆ ಬೀದಿಗೆ ಬೀದಿಯೇ ಬರುತ್ತಿತ್ತು.

ಭಾನುವಾರ ಒಂದು ಡಬ್ಬಿ ಚಿರೋಟಿ ಹಿಡಿದು ಇಬ್ಬರೂ ಹೋಗಿ ಆ ಬಾಗಿಲು ತಟ್ಟಿದೆವು.